ಬಾರಾಮಹಲಿನಿಂದ ಬಳ್ಳಾರಿಗೆ: ಥಾಮಸ್ ಮನ್ರೋ ಮತ್ತು ನೆಲದ ಅಳತೆ

ಹೊಸೂರು, ಡೆಂಕಣಿಕೋಟೆ, ಕೃಷ್ಣಗಿರಿ ಭಾಗದ ಕನ್ನಡ ಒಕ್ಕಲು ಮನೆತನಗಳಲ್ಲಿ ಜಮೀನಿನ ಕಾಗದಗಳನ್ನು ಜೋಪಾನವಾಗಿ ಕಟ್ಟಿಡುವ ಗಂಟೊಂದು ಇದ್ದೇ ಇರುತ್ತದೆ. ಪಟ್ಟಾ, ಚಿಟ್ಟಾ, ಅಡಂಗಲ್ ಎಂಬ ಈ ಕಾಗದಗಳ ಬರವಣಿಗೆ ತಮಿಳಿನದು, ಮನೆಯ ಮಾತು ಕನ್ನಡ. ಎರಡರ ನಡುವೆ ಯಾವ ಭಾಷೆಗೂ ಸೇರದೆ ನಿಲ್ಲುವುದು ಹೊಲದ ಸಂಖ್ಯೆ ಮತ್ತು ಅದರ ವಿಸ್ತೀರ್ಣ. ಹೊಲವೊಂದಕ್ಕೆ ಒಂದು ಸಂಖ್ಯೆ, ಆ ಸಂಖ್ಯೆಗೆ ಒಂದು ಅಳತೆ, ಆ ಅಳತೆಗೆ ಒಬ್ಬ ಹಿಡುವಳಿದಾರ, ಅವನ ಹೆಸರಿಗೆ ಇಂತಿಷ್ಟೇ ಕಂದಾಯ ಎಂಬ ಏರ್ಪಾಡು ಇಂದು ಹುಟ್ಟಿನಷ್ಟೇ ಸಹಜವಾಗಿ ಕಾಣುತ್ತದೆ. ಕಂಪನಿ ಸರಕಾರದ ಆಡಳಿತದಲ್ಲಿ ಈ ಏರ್ಪಾಡು ರೂಪುಗೊಂಡದ್ದು ಇದೇ ನೆಲದಲ್ಲಿ, 1792ರ ನಂತರದ ಏಳು ವರ್ಷಗಳಲ್ಲಿ. ಅದನ್ನು ರೂಪಿಸಿದವರ ಪೈಕಿ ಒಬ್ಬ ಮೂವತ್ತರ ಹರೆಯದ ಸೈನ್ಯಾಧಿಕಾರಿ, ಥಾಮಸ್ ಮನ್ರೋ. ಕನ್ನಡನಾಡಿನ ಕರಾವಳಿಯೂ ಬಳ್ಳಾರಿಯೂ ಧಾರವಾಡವೂ ಅವನನ್ನು ಬೇರೆಬೇರೆ ಕಾರಣಗಳಿಗಾಗಿ ನೆನೆಯುತ್ತವೆ. ಆದರೆ ಅವನು ನೆಲವನ್ನು ಓದಲು ಕಲಿತದ್ದು ಬಾರಾಮಹಲಿನಲ್ಲಿ.

ಮನ್ರೋ ಹುಟ್ಟಿದ್ದು 1761ರ ಮೇ 27ರಂದು, ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದಲ್ಲಿ. ತಂದೆ ಅಮೆರಿಕದ ವರ್ಜೀನಿಯಾದೊಡನೆ ವ್ಯಾಪಾರ ನಡೆಸುತ್ತಿದ್ದ ವರ್ತಕ. ಅಮೆರಿಕದ ಸ್ವಾತಂತ್ರ್ಯ ಯುದ್ಧ ಆ ವ್ಯಾಪಾರವನ್ನು ನೆಲಕ್ಕೆ ಕೆಡವಿತು, ಕುಟುಂಬ ದಿವಾಳಿಯಾಯಿತು. ಗ್ಲಾಸ್ಗೋ ವಿಶ್ವವಿದ್ಯಾಲಯದಲ್ಲಿ ಗಣಿತ, ರಸಾಯನಶಾಸ್ತ್ರಗಳನ್ನು ಓದಿದ್ದ ಹುಡುಗ ಕಾಲಾಳು ಪಡೆಯ ಕೆಡೆಟ್ಟಾಗಿ 1780ರ ಆರಂಭದಲ್ಲಿ ಮದರಾಸಿನಲ್ಲಿ ಬಂದಿಳಿದನು. ಅದೇ ವರ್ಷ ಹೈದರಾಲಿ ಘಟ್ಟ ಇಳಿದು ಕರ್ನಾಟಿಕ್ ಪ್ರಾಂತದ ಮೇಲೆ ನುಗ್ಗಿದ್ದನು. ಮುಂದಿನ ಹನ್ನೆರಡು ವರ್ಷ ಯುದ್ಧ, ಬಡತನ, ಸಾಲ. ತಲೆದಿಂಬಿನ ಬದಲು ಪುಸ್ತಕವನ್ನೋ ತೋಟೆಯ ಚೀಲವನ್ನೋ ಇಟ್ಟುಕೊಂಡು ಮಲಗುತ್ತಿದ್ದೆನೆಂದು ಅವನು ತಂಗಿಗೆ ಬರೆದ ಕಾಗದವುಂಟು. ಆ ಪುಸ್ತಕಗಳಲ್ಲಿ ಪಾರಸಿಯವೂ ಇದ್ದವು. ಪಾರಸಿ, ಹಿಂದೂಸ್ತಾನಿಗಳನ್ನು ಹಟ ಹಿಡಿದು ಕಲಿತದ್ದೇ ಅವನ ಭಾಗ್ಯವನ್ನು ಬದಲಿಸಿತು.

1792ರ ಶ್ರೀರಂಗಪಟ್ಟಣದ ಒಪ್ಪಂದದಂತೆ ಟಿಪ್ಪು ಸುಲ್ತಾನನು ಬಾರಾಮಹಲನ್ನೂ ಸೇಲಂ ಸೀಮೆಯನ್ನೂ ಕಂಪನಿಗೆ ಬಿಟ್ಟುಕೊಟ್ಟನು. ಹೊಸೂರು ಸೇರಿದ ಮೇಲಣ ಬಾಲಾಘಾಟು ಆಗ ಮೈಸೂರಿನ ಬಳಿಯೇ ಉಳಿದು, 1799ರಲ್ಲಿ ಕೈಬದಲಾಯಿತು. ಹೊಸ ಸೀಮೆಯನ್ನು ಆಳಲು ಮದರಾಸಿನ ಸಿವಿಲ್ ಅಧಿಕಾರಿಗಳನ್ನು ಕಳುಹಿಸುವುದು ಗವರ್ನರ್ ಜನರಲ್ ಕಾರ್ನ್‌ವಾಲಿಸನಿಗೆ ಒಪ್ಪಿಗೆಯಾಗಲಿಲ್ಲ. ಅವರಿಗೆ ದೇಶಭಾಷೆ ಬಾರದು, ಆದ್ದರಿಂದ ಅವರು ದುಭಾಷಿಗಳ ಕೈಗೊಂಬೆಗಳು ಎಂಬುದು ಅವನ ಅಭಿಪ್ರಾಯ. ಭಾಷೆ ಬಲ್ಲ ಸೈನ್ಯಾಧಿಕಾರಿ ಅಲೆಕ್ಸಾಂಡರ್ ರೀಡನನ್ನು ಮುಖ್ಯಸ್ಥನನ್ನಾಗಿ ನೇಮಿಸಿ, ಅವನ ಕೈಕೆಳಗೆ ಮೂವರನ್ನು ಕೊಟ್ಟನು. ರೀಡನು ತಿರುಪತ್ತೂರಿನಲ್ಲಿ ನಿಂತನು. ಉತ್ತರದ ಕೃಷ್ಣಗಿರಿ ಭಾಗ ಗ್ರಹಾಮನಿಗೆ, ದಕ್ಷಿಣದ ಸೇಲಂ ಭಾಗ ಮ್ಯಾಕ್ಲಿಯೋಡನಿಗೆ, ನಡುವಣ ಧರ್ಮಪುರಿ ಭಾಗ ಮನ್ರೋಗೆ ಬಂದವು.

ಅಲ್ಲಿ ಅವರಿಗೆ ಎದುರಾದ ಮೊದಲ ಪ್ರಶ್ನೆ ಬಹು ಸರಳವಾದದ್ದು: ಒಂದು ಊರಿನಲ್ಲಿ ಸಾಗುವಳಿಯ ನೆಲ ಎಷ್ಟು? ಉತ್ತರ ಹೇಳಬಲ್ಲವನು ಊರ ಕರಣಿಕ ಒಬ್ಬನೇ. ಅವನ ಲೆಕ್ಕವೋ ಬೀಜವರಿಯ ಲೆಕ್ಕ. ಇಷ್ಟು ಕೊಳಗ ಬಿತ್ತುವ ಹೊಲ, ಇಷ್ಟು ಖಂಡುಗದ ಗದ್ದೆ ಎಂದು ನೆಲವನ್ನು ಹೆಸರಿಸುವ ಪದ್ಧತಿ ಕನ್ನಡ ಸೀಮೆಗಳಲ್ಲೆಲ್ಲ ಇದ್ದದ್ದೇ. ಒಕ್ಕಲಿಗನ ಬದುಕಿಗೆ ಅದು ಒಗ್ಗುವ ಅಳತೆ, ನೆಲದ ಗುಣವೂ ಅದರಲ್ಲೇ ಅಡಗಿದೆ. ಕೊಳಗದ ಗಾತ್ರ ಸೀಮೆಯಿಂದ ಸೀಮೆಗೆ ಬೇರೆಯಾದರೂ, ತೆಳುವಾಗಿ ಬಿತ್ತುವ ಊರಿಗೂ ಒತ್ತಾಗಿ ಬಿತ್ತುವ ಊರಿಗೂ ಲೆಕ್ಕ ತಾಳೆಯಾಗದಿದ್ದರೂ ಊರೊಳಗಿನ ವ್ಯವಹಾರಕ್ಕೆ ತೊಂದರೆಯಿರಲಿಲ್ಲ. ತೊಂದರೆ ಹುಟ್ಟುತ್ತಿದ್ದುದು ಊರಿಗೂ ಕಚೇರಿಗೂ ನಡುವೆ. ಕಚೇರಿಗೆ ಬರೆದು ಕೊಡುವ ಲೆಕ್ಕದಲ್ಲಿ ಪಟೇಲನ ಹೊಲ, ಕರಣಿಕನ ಹೊಲ, ಅವರಿಗೆ ಬೇಕಾದವರ ಹೊಲಗಳು ಕುಗ್ಗುತ್ತಿದ್ದವು. ಊರ ಒಟ್ಟು ಕಂದಾಯ ಕುಗ್ಗದ ಕಾರಣ ಆ ಭಾರ ಬಾಯಿಲ್ಲದ ಬಡ ಒಕ್ಕಲಿನ ಮೇಲೆ ಇಳಿಯುತ್ತಿತ್ತು. ಅಳತೆಯ ಸಡಿಲಿಕೆ ಎಲ್ಲರಿಗೂ ಸಮನಾಗಿ ಹಂಚಿಕೆಯಾಗುವುದಿಲ್ಲ. ಅದು ಸದಾ ಬಲ್ಲವನ ಕಡೆಗೆ ವಾಲುತ್ತದೆ. ಮನ್ರೋ ವರ್ಷದ ಬಹುಪಾಲು ಡೇರೆಯಲ್ಲಿ ಕಳೆದು, ಊರಿಂದೂರಿಗೆ ತಿರುಗಿ, ಮರದ ಕೆಳಗೆ ಕುಳಿತು ಒಕ್ಕಲುಗಳ ತಕರಾರು ಕೇಳಿ ಅರಿತದ್ದು ಇದನ್ನು.

ರೀಡನು ಕೈಗೊಂಡ ನಿರ್ಧಾರ ಆ ಕಾಲಕ್ಕೆ ದಿಟ್ಟತನದ್ದು: ಸೀಮೆಯ ಹೊಲಗಳನ್ನು ಒಂದೊಂದಾಗಿ ಅಳೆಸುವುದು, ಪ್ರತಿ ಹೊಲಕ್ಕೂ ಅದರ ಮಣ್ಣು ನೋಡಿ ಕಂದಾಯ ಗೊತ್ತುಮಾಡುವುದು. ಬಂಗಾಳದಲ್ಲಿ ಇದೇ ವೇಳೆಗೆ, 1793ರಲ್ಲಿ, ಅಳತೆಯ ಗೊಡವೆಯೇ ಇಲ್ಲದೆ ಜಮೀನ್ದಾರರೊಡನೆ ಶಾಶ್ವತ ಒಪ್ಪಂದವಾಗಿತ್ತು. ಬಾರಾಮಹಲಿನಲ್ಲಿ ಮಾತ್ರ ಖುಷ್ಕಿ, ತರಿ, ಬಾಗಾಯ್ತು ಎಂದು ವಿಂಗಡಿಸುತ್ತ ಅಳತೆಗಾರರು ವರ್ಷಗಟ್ಟಲೆ ನಡೆದರು. 1796ರಲ್ಲಿ ರೀಡನು ಹೊರಡಿಸಿದ ಪ್ರಕಟಣೆ ಆ ನಡಿಗೆಯ ಫಲ. ಹೊಲದ ಅಳತೆಯೂ ಕಂದಾಯವೂ ಗೊತ್ತಾದ ಮೇಲೆ ಒಕ್ಕಲು ತನಗೆ ಬೇಕಾದ ಹೊಲವನ್ನು ಉಳಿಸಿಕೊಳ್ಳಬಹುದು, ಬೇಡವಾದುದನ್ನು ಬಿಡಬಹುದು, ಬಾವಿ ತೋಡಿ ನೆಲವನ್ನು ಮೇಲುಗೊಳಿಸಿಕೊಂಡರೆ ಅದರ ಲಾಭ ಅವನದೇ. ಮುಂದೆ ರೈತವಾರಿ ಎಂದು ಹೆಸರಾದ ಪದ್ಧತಿಯ ಬೇರು ಇಲ್ಲಿದೆ. ಕೀರ್ತಿ ಮನ್ರೋಗೆ ಸಂದಿತು; ಮೊದಲ ಹೆಜ್ಜೆ ರೀಡನದೆಂಬುದನ್ನು ಮರೆಯಬಾರದು. ಈ ಕಾಲದ ಪತ್ರವ್ಯವಹಾರಗಳು ಬಾರಾಮಹಲ್ ದಾಖಲೆಗಳೆಂಬ ಹೆಸರಿನಲ್ಲಿ ಮುಂದೆ ಮದರಾಸಿನಲ್ಲಿ ಅಚ್ಚಾಗಿವೆ.

ಧರ್ಮಪುರಿಯಲ್ಲಿ ಮನ್ರೋ ಒಂದು ತೋಟ ಮಾಡಿಕೊಂಡಿದ್ದನು. ಗಿಡಗಳ ಬಗ್ಗೆ ಅವನಿಗಿದ್ದ ಅಕ್ಕರೆ ಮನೆಯವರಿಗೆ ಬರೆದ ಕಾಗದಗಳಲ್ಲಿ ಕಾಣುತ್ತದೆ. ಬಾರಾಮಹಲನ್ನು ಬಿಟ್ಟುಹೋಗುವಾಗ ಅವನಿಗೆ ನಿಜವಾಗಿ ವ್ಯಥೆಯಾಯಿತು. ಆದರೆ 1799ರ ಯುದ್ಧ ಬಂದಿತು, ಶ್ರೀರಂಗಪಟ್ಟಣ ಬಿದ್ದಿತು. ಮೈಸೂರು ರಾಜ್ಯದ ಹಂಚಿಕೆಯನ್ನು ನಡೆಸಿದ ಆಯೋಗಕ್ಕೆ ಜಾನ್ ಮಾಲ್ಕಮನೊಡನೆ ಮನ್ರೋ ಕಾರ್ಯದರ್ಶಿಯಾದನು. ಆಮೇಲೆ ಅವನನ್ನು ಕಳುಹಿಸಿದ್ದು ಕೆನರಾಕ್ಕೆ.

ಕೆನರಾದ ಮಳೆ ಅವನಿಗೆ ಹಿಡಿಸಲಿಲ್ಲ. ಒಂದೂವರೆ ವರ್ಷವೂ ಅಲ್ಲಿರಲಿಲ್ಲ. ಆದರೂ ಕನ್ನಡ ಓದುಗನಿಗೆ ಅವನ ಬದುಕಿನ ಈ ಸಣ್ಣ ಅಧ್ಯಾಯ ಅತ್ಯಂತ ಕುತೂಹಲದ್ದು. ಬಾರಾಮಹಲಿನಲ್ಲಿ ಇಲ್ಲದ ಒಂದು ವಸ್ತು ಕರಾವಳಿಯಲ್ಲಿ ಅವನಿಗೆ ಕಂಡಿತು. ಅದು ಕಡತ. ಹುಣಸೆಬೀಜದ ಸರಿ ಮತ್ತು ಇದ್ದಲಪುಡಿ ಬಳಿದು ಗಟ್ಟಿಮಾಡಿದ ಬಟ್ಟೆಯನ್ನು ಮಡಿಕೆ ಮಡಿಕೆಯಾಗಿ ಮಡಿಸಿ, ಬಳಪದಿಂದ ಬರೆದಿಡುತ್ತಿದ್ದ ಕರಿಯ ಪುಸ್ತಕಗಳು. ಶ್ಯಾನುಭೋಗರ ಮನೆಗಳಲ್ಲಿದ್ದ ಇಂಥ ಹಳೆಯ ಲೆಕ್ಕಗಳನ್ನು ತರಿಸಿ ಪರಿಶೀಲಿಸಿದಾಗ ಕಂದಾಯದ ಚರಿತ್ರೆ ಪದರ ಪದರವಾಗಿ ತೆರೆದುಕೊಂಡಿತು. ವಿಜಯನಗರದ ಹರಿಹರನ ಕಾಲಕ್ಕೆ ಸೇರಿದ್ದೆಂದು ಹೇಳುತ್ತಿದ್ದ ಮೂಲ ಕಂದಾಯ, ಅದರ ಮೇಲೆ ಇಕ್ಕೇರಿಯವರು ಏರಿಸಿದ್ದು, ಅದರ ಮೇಲೆ ಹೈದರ್ ಮತ್ತು ಟಿಪ್ಪುವಿನ ಕಾಲದ ಹೇರಿಕೆಗಳು. ಮೂಲದ್ದಕ್ಕೆ ರೇಖೆಯೆಂದೂ ಮೇಲೆ ಕೂಡಿಸಿದ್ದಕ್ಕೆ ಶಾಮಿಲು ಎಂದೂ ಹೆಸರು. ನೆಲವನ್ನು ಮಾರಿದ್ದು, ಅಡವಿಟ್ಟದ್ದು, ಮೂಲಗೇಣಿಗೆ ಕೊಟ್ಟದ್ದು ಎಲ್ಲಕ್ಕೂ ಬರೆಹವಿತ್ತು. ಭಾರತದಲ್ಲಿ ನೆಲವೆಲ್ಲ ಅರಸನದು, ಒಕ್ಕಲಿಗೆ ಆಸ್ತಿಯ ಹಕ್ಕೇ ಇಲ್ಲ ಎಂದು ಆ ಕಾಲದ ಯುರೋಪಿನವರಲ್ಲಿ ಪ್ರಚಲಿತವಿದ್ದ ಮಾತು ಕೆನರಾದ ಮಟ್ಟಿಗೆ ಸುಳ್ಳೆಂದು ಮನ್ರೋ 1800ರ ವರದಿಯಲ್ಲಿ ಖಚಿತವಾಗಿ ಬರೆದನು. ಅಲ್ಲಿ ಅವನು ಹೊಲ ಹೊಲವನ್ನು ಅಳೆಸಲಿಲ್ಲ. ಸರಪಳಿಯಿಲ್ಲದೆಯೂ ಆಸ್ತಿ ಗಟ್ಟಿಯಾಗಿ ನಿಂತಿತ್ತು, ಏಕೆಂದರೆ ಬರೆಹ ಗಟ್ಟಿಯಾಗಿತ್ತು. ಅಳತೆಯ ಮನುಷ್ಯನೆಂದು ಹೆಸರಾದವನು ದಾಖಲೆಯ ಬಲವನ್ನು ಕಂಡದ್ದು ನಮ್ಮ ಶ್ಯಾನುಭೋಗರ ಕಡತಗಳಲ್ಲಿ ಎಂಬುದು ಗಮನಿಸತಕ್ಕ ಸಂಗತಿ.

1800ರ ಕೊನೆಯಲ್ಲಿ ಹೈದರಾಬಾದಿನ ನಿಜಾಮನು ಬಳ್ಳಾರಿ, ಅನಂತಪುರ, ಕಡಪ ಸೀಮೆಗಳನ್ನು ಕಂಪನಿಗೆ ಬಿಟ್ಟುಕೊಟ್ಟಾಗ ಮನ್ರೋ ಅಲ್ಲಿಗೆ ಪ್ರಧಾನ ಕಲೆಕ್ಟರನಾಗಿ ಹೋದನು. ದತ್ತಮಂಡಲವೆಂದು ಕರೆಯಲ್ಪಟ್ಟ ಈ ವಿಸ್ತಾರವಾದ ಬಯಲು ಪಾಳೆಯಗಾರರ ಕಾಳಗಗಳಿಂದ ಕಂಗೆಟ್ಟಿತ್ತು. ಮೊದಲ ವರ್ಷ ಊರುಗುತ್ತಿಗೆಯ ಅಂದಾಜಿನ ಲೆಕ್ಕದಲ್ಲೇ ಕಳೆಯಿತು. 1802ರ ಜೂನ್ ತಿಂಗಳಲ್ಲಿ ಅಳತೆಯ ಕೆಲಸ ತೊಡಗಿತು. ತೊಡಗಿದ್ದು ಕೇವಲ ನಾಲ್ವರು ಗುಮಾಸ್ತರಿಂದ; ನೆಲ ಅಳೆಯಬಲ್ಲವರು ಕಚೇರಿಯಲ್ಲಿ ಇದ್ದದ್ದು ಅಷ್ಟೇ ಮಂದಿ. ಅವರು ಊರವರಿಗೆ ಕಲಿಸಿ, ಕಲಿತವರು ಮತ್ತೆ ಕಲಿಸಿ, ಅಳತೆಗಾರರ ಸಂಖ್ಯೆ ನೂರಕ್ಕೆ ಏರಿತು. ಕನ್ನಡದಲ್ಲಿ ಈ ಕೆಲಸಕ್ಕೆ ಇಂದಿಗೂ ಮೋಜಣಿ ಎಂಬ ಹೆಸರಿದೆ. ಅಳೆಯುವುದು ಎಂಬರ್ಥದ ಈ ಮಾತು ಮರಾಠಿಯಿಂದ ಬಂದದ್ದು. ಜಮಾಬಂದಿ, ತರಿ, ಖುಷ್ಕಿ, ಬಾಗಾಯ್ತುಗಳಲ್ಲಿ ಅರಬ್ಬಿ ಪಾರಸಿಗಳ ನಂಟಿದೆ. ಕಚೇರಿಯ ಒಂದು ಹಾಳೆಯೊಳಗೆ ಎಷ್ಟು ಆಳ್ವಿಕೆಗಳು ತಮ್ಮ ಗುರುತು ಬಿಟ್ಟುಹೋಗಿವೆ ಎಂಬುದಕ್ಕೆ ಈ ಪದಗಳೇ ಸಾಕ್ಷಿ.

ಮನ್ರೋ ಗೊತ್ತುಮಾಡಿದ ಸರಪಳಿ 33 ಅಡಿ ಉದ್ದದ್ದು. ಇಂಗ್ಲೆಂಡಿನಲ್ಲಿ ಹದಿನೇಳನೆಯ ಶತಮಾನದಿಂದ ಬಳಕೆಯಲ್ಲಿದ್ದ ಗಂಟರನ ಸರಪಳಿಯ ಉದ್ದ 66 ಅಡಿ. ಇದು ಅದರ ಅರ್ಧ. 33 ಅಡಿ ಉದ್ದ, 33 ಅಡಿ ಅಗಲದ ಚೌಕ 1,089 ಚದರಡಿ. ಅಂಥ 40 ಚೌಕ ಸೇರಿದರೆ 43,560 ಚದರಡಿ, ಅಂದರೆ ಸರಿಯಾಗಿ ಒಂದು ಎಕರೆ. ಈ ಚೌಕವೇ ನಮ್ಮ ಗುಂಟೆ. ಲೆಕ್ಕ ಸುಲಭ, ಆದರೆ ಅದರ ಹಿಂದಿನ ಅಪಾಯ ಸೂಕ್ಷ್ಮ. ಕಬ್ಬಿಣದ ಕೊಂಡಿಗಳು ಸವೆದು ಸರಪಳಿ ಅರ್ಧ ಅಡಿ ಉದ್ದವಾಯಿತೆನ್ನೋಣ. ಆಗ 40 ಗುಂಟೆಯ ಹೊಲ ಲೆಕ್ಕದಲ್ಲಿ 38.8 ಗುಂಟೆಯೆಂದು ಬರುತ್ತದೆ, ನಷ್ಟ ಸರಕಾರಕ್ಕೆ. ಕೊಂಡಿಯೊಂದು ಬಾಗಿ ಸರಪಳಿ ಅರ್ಧ ಅಡಿ ಕುಗ್ಗಿದರೆ ಅದೇ ಹೊಲ 41.2 ಗುಂಟೆಯಾಗುತ್ತದೆ. ಇಲ್ಲದ ಒಂದು ಗುಂಟೆ ಚಿಲ್ಲರೆ ನೆಲಕ್ಕೆ ಒಕ್ಕಲು ಪ್ರತಿವರ್ಷವೂ ಕಂದಾಯ ಕಟ್ಟುತ್ತಾನೆ, ಅವನ ನಂತರ ಮಗ ಕಟ್ಟುತ್ತಾನೆ. ಉದ್ದದಲ್ಲಿ 66ರಲ್ಲಿ ಒಂದು ಪಾಲು ತಪ್ಪಿದರೆ ವಿಸ್ತೀರ್ಣದಲ್ಲಿ ಸುಮಾರು 33ರಲ್ಲಿ ಒಂದು ಪಾಲು ತಪ್ಪುತ್ತದೆ. ಸರಪಳಿ ಎಳೆಯುವವನ ಕೈ ಸಡಿಲವಾದರೂ, ಏರುತಗ್ಗಿನ ಮೇಲೆ ಅದು ಜೋತುಬಿದ್ದರೂ, ಯಾರೋ ನಾಲ್ಕು ಕಾಸು ಕೊಟ್ಟು ಒಂದು ಎಳೆತ ಬಿಡಿಸಿದರೂ ಫಲ ಇದೇ.

ಅದನ್ನು ತಡೆಯಲು ಮನ್ರೋ ಹೂಡಿದ ಉಪಾಯ ಅವನ ಬುದ್ಧಿಯ ನಿಜವಾದ ಗುರುತು. ಹತ್ತು ಮಂದಿ ಅಳತೆಗಾರರಿಗೆ ಒಬ್ಬ ಮುಖ್ಯ ಅಳತೆಗಾರ. ಅಳೆಯುವವರಿಗೆ ಎಕರೆಯ ಲೆಕ್ಕದಲ್ಲಿ ಕೂಲಿ, ಏಕೆಂದರೆ ತಿಂಗಳ ಸಂಬಳವಾದರೆ ಕೆಲಸ ಮುಗಿಯುವುದೇ ಇಲ್ಲ. ಆದರೆ ಎಕರೆಗಿಷ್ಟು ಎಂದು ಕೊಟ್ಟರೆ ಕೈ ಅವಸರಪಡುತ್ತದೆ. ಅವಸರವನ್ನು ಹಿಡಿಯಲು ಮುಖ್ಯ ಅಳತೆಗಾರನಿಗೆ ತಿಂಗಳ ಸಂಬಳ. ಅವನಿಗೆ ಅವಸರವಿಲ್ಲ, ಅಳೆದ ಹೊಲಗಳನ್ನು ಮತ್ತೆ ಅಳೆದು ನೋಡುವುದೇ ಅವನ ಕೆಲಸ. ಎರಡು ಅಳತೆಗಳ ನಡುವಣ ವ್ಯತ್ಯಾಸ ಖುಷ್ಕಿಯಲ್ಲಿ ನೂರಕ್ಕೆ 10ನ್ನೂ ತರಿಯಲ್ಲಿ ನೂರಕ್ಕೆ 5ನ್ನೂ ಮೀರಿದರೆ ಅಳೆದವನನ್ನು ಕೆಲಸದಿಂದ ತೆಗೆಯುವುದು. ಇಂದಿನ ಕಣ್ಣಿಗೆ ನೂರಕ್ಕೆ ಹತ್ತು ಬಹು ಉದಾರವಾದ ವಿನಾಯಿತಿ. ಒಂದು ಎಕರೆ ಖುಷ್ಕಿ 36 ಗುಂಟೆಯೆಂದಾಗಲಿ 44 ಗುಂಟೆಯೆಂದಾಗಲಿ ಬರೆದರೂ ಶಿಕ್ಷೆಯಿಲ್ಲ. ಆದರೆ ತಪ್ಪಿಗೆ ಒಂದು ಮಿತಿಯಿದೆ, ಆ ಮಿತಿಯನ್ನು ಮೊದಲೇ ಸಾರಿ ಹೇಳಬೇಕು, ಹೆಚ್ಚು ಕಂದಾಯ ಬೀಳುವ ಗದ್ದೆಯಲ್ಲಿ ಆ ಮಿತಿ ಬಿಗಿಯಾಗಿರಬೇಕು ಎಂಬ ವಿಚಾರ ಹೊಲದ ಬದುವಿನವರೆಗೆ ಇಳಿದುಬಂದದ್ದು ಸಾಮಾನ್ಯ ಮಾತಲ್ಲ. ಗುಡ್ಡ, ಬಂಡೆಗಳನ್ನು ಬಿಟ್ಟು ಉಳಿದೆಲ್ಲವನ್ನೂ ಅಳೆದರು: ಸಾಗುವಳಿಯ ನೆಲ, ಬೀಳು, ದಾರಿ, ಕೆರೆಯಂಗಳ, ಊರು ನಿಂತ ಜಾಗ.

ಅಳತೆಗಾರರ ಹಿಂದೆ ತರಂ ಕಟ್ಟುವವರು ಬರುತ್ತಿದ್ದರು. ಪಟೇಲ, ಕರಣಿಕ, ಒಕ್ಕಲುಗಳೊಡನೆ ಅವರು ಹೊಲಗಳ ಮೇಲೆ ನಡೆದು ಯಾವುದು ಎಷ್ಟನೆಯ ತರದ ಭೂಮಿ ಎಂದು ನಿರ್ಣಯಿಸುತ್ತಿದ್ದರು. ಇಲ್ಲಿ ಮೇಲುಗೈ ಒಕ್ಕಲುಗಳದೇ, ಏಕೆಂದರೆ ಅಕ್ಕಪಕ್ಕದವನ ಹೊಲದ ಗುಣ ಅವರಿಗೆ ತಿಳಿಯದ್ದಲ್ಲ, ಒಬ್ಬನ ಹೊಲ ಕಡಿಮೆಯ ತರಕ್ಕೆ ಇಳಿದರೆ ಸುಮ್ಮನಿರುವವರೂ ಅವರಲ್ಲ. ಮುಚ್ಚಿದ ಕಚೇರಿಯಲ್ಲಿ ನಡೆಯುತ್ತಿದ್ದ ಮಾತು ಹೀಗೆ ಹೊಲದ ಬದುವಿಗೆ ಬಂದಿತು. 1805ರ ಹೊತ್ತಿಗೆ ಅಳತೆ ಬಹುತೇಕ ಮುಗಿಯಿತು.

ಇಷ್ಟಾದ ಮೇಲೆ ಮನ್ರೋಗೆ ಎದುರಾದದ್ದು ಅಳತೆಯಿಂದ ಬಗೆಹರಿಯದ ಪ್ರಶ್ನೆ. ನೆಲ ಎಷ್ಟೆಂದು ತಿಳಿಯಿತು. ಅದರ ಮೇಲೆ ಹೇರುವುದೆಷ್ಟು? ದತ್ತಮಂಡಲದ ಕಂದಾಯ ಭಾರವಾಗಿತ್ತು. ಅದನ್ನು ವಸೂಲು ಮಾಡಿದವನು ಅವನೇ. ಒಬ್ಬ ಒಕ್ಕಲು ಕಟ್ಟಲಾರದೆ ಹೋದರೆ ಬಾಕಿಯನ್ನು ನೂರಕ್ಕೆ ಹತ್ತರವರೆಗೆ ಊರಿನ ಉಳಿದವರ ಮೇಲೆ ಹಾಕುವ ಪದ್ಧತಿಯೂ ಅವನ ಕಾಲದಲ್ಲಿ ಇತ್ತು. ರೈತನ ಬಂಧುವೆಂದು ಅವನನ್ನು ಹೊಗಳುವವರು ಈ ಪುಟಗಳನ್ನು ಬೇಗ ಮಗುಚಿಬಿಡುತ್ತಾರೆ. ಮಗುಚದೆ ಓದಿದರೆ ಇನ್ನೊಂದು ಸಂಗತಿಯೂ ಕಾಣುತ್ತದೆ. ತಾನೇ ಕಟ್ಟಿದ ದರ ಹೆಚ್ಚೆಂದು ಸರಕಾರಕ್ಕೆ ತಿಳಿಸಿದವನೂ ಅವನೇ. 1807ರಲ್ಲಿ ಹುದ್ದೆ ಬಿಡುವ ಮುನ್ನ ಬರೆದ ವರದಿಯಲ್ಲಿ ಕಂದಾಯವನ್ನು ನೂರಕ್ಕೆ 25ರಷ್ಟು ಇಳಿಸಬೇಕು, ನೆಲ ಒಕ್ಕಲಿನ ಸ್ವತ್ತೆಂದು ಒಪ್ಪಿ ಕಂದಾಯ ಸ್ಥಿರಪಡಿಸಬೇಕು ಎಂದು ಸೂಚಿಸಿದನು. ನಿಖರವಾದ ಅಳತೆ ಕೈಗೆ ಬಂದದ್ದರಿಂದಲೇ ಆ ಸೂಚನೆ ಸಾಧ್ಯವಾಯಿತು. ಬೀಜವರಿಯ ಮಸುಕಿನಲ್ಲಿ ಕಂದಾಯ ಹೆಚ್ಚೋ ಕಡಿಮೆಯೋ ಎಂದು ವಾದಿಸಲು ನೆಲೆಯೇ ಇರುತ್ತಿರಲಿಲ್ಲ.

ಮದರಾಸಿನ ಸರಕಾರ ಆ ಸೂಚನೆಯನ್ನು ಬದಿಗಿಟ್ಟು, ಊರೂರನ್ನು ಗುತ್ತಿಗೆಗೆ ಕೊಡುವ ಬೇರೆ ದಾರಿ ಹಿಡಿಯಿತು. ಬಾರಾಮಹಲಿನ ಗತಿ ಇನ್ನೂ ವಿಚಿತ್ರ. ಹೊಲ ಹೊಲವನ್ನು ಅಳೆದ ಸೇಲಂ, ಬಾರಾಮಹಲ್ ಸೀಮೆಗಳನ್ನು 1802ರ ನಂತರ ಮಿಟ್ಟಾಗಳೆಂಬ ತುಂಡುಗಳನ್ನಾಗಿ ಮಾಡಿ ಹರಾಜು ಕೂಗಿದರು. ಬಂಗಾಳದ ಜಮೀನ್ದಾರಿಯನ್ನು ಜಮೀನ್ದಾರರಿಲ್ಲದ ನಾಡಿನಲ್ಲಿ ನೆಡುವ ಪ್ರಯತ್ನವದು. ಹರಾಜಿನಲ್ಲಿ ಕೊಂಡ ಮಿಟ್ಟಾದಾರರಲ್ಲಿ ಅನೇಕರು ಕಂದಾಯ ಕಟ್ಟಲಾರದೆ ಸೋತರು, ಮಿಟ್ಟಾಗಳು ಒಂದೊಂದಾಗಿ ಸರಕಾರಕ್ಕೆ ಹಿಂದಿರುಗಿದವು. ಉಳಿದ ಮಿಟ್ಟಾಗಳೂ, ಹೊಸೂರು ಕಡೆಯ ಬಾಗಲೂರು, ಬೇರಿಕೆ, ಶೂಳಗಿರಿಗಳಂಥ ಹಳೆಯ ಪಾಳೆಯಪಟ್ಟುಗಳೂ ಇಪ್ಪತ್ತನೆಯ ಶತಮಾನದವರೆಗೆ ನಡೆದುಬಂದವು. ಈ ಭಾಗದ ಹಳೆಯ ಕಾಗದಪತ್ರಗಳು ಒಂದು ಊರಲ್ಲಿ ಒಂದು ಬಗೆಯಾಗಿ ಪಕ್ಕದ ಊರಲ್ಲಿ ಇನ್ನೊಂದು ಬಗೆಯಾಗಿರುವುದಕ್ಕೆ ಇದೂ ಒಂದು ಕಾರಣ.

ಇಂಗ್ಲೆಂಡಿನಲ್ಲಿ ಮನ್ರೋ ಸುಮ್ಮನೆ ಕುಳಿತವನಲ್ಲ. 1812ರಲ್ಲಿ ಪಾರ್ಲಿಮೆಂಟಿನ ಸಮಿತಿ ಹೊರತಂದ ಐದನೆಯ ವರದಿಯಲ್ಲಿ ಅವನ ಬರೆಹಗಳಿಗೆ ದೊಡ್ಡ ಸ್ಥಾನ ದೊರಕಿತು, ರೈತವಾರಿಗೆ ಮರಳಬೇಕೆಂಬ ಅಭಿಪ್ರಾಯ ಬಲಗೊಂಡಿತು. 1814ರಲ್ಲಿ ಜೇನ್ ಕ್ಯಾಂಪ್‌ಬೆಲ್ಲಳನ್ನು ಮದುವೆಯಾಗಿ ಮತ್ತೆ ಮದರಾಸಿಗೆ ಬಂದು ನ್ಯಾಯಾಡಳಿತದ ಸುಧಾರಣೆಗೆ ತೊಡಗಿದನು. 1817-18ರ ಮರಾಠಾ ಯುದ್ಧದಲ್ಲಿ ಧಾರವಾಡದಿಂದ ಬಾದಾಮಿ, ಬೆಳಗಾವಿಗಳವರೆಗೆ ಬಹಳ ಸಣ್ಣ ಪಡೆಯೊಡನೆ ಗೆಲುವು ಸಾಧಿಸಿದ ಕಥೆ ಬೇರೆಯೇ ಒಂದು ಲೇಖನಕ್ಕೆ ವಸ್ತು. 1820ರ ಜೂನ್ ತಿಂಗಳಲ್ಲಿ ಅವನು ಮದರಾಸಿನ ಗವರ್ನರನಾದನು. ಹದಿಮೂರು ವರ್ಷ ಹಿಂದೆ ಕಲೆಕ್ಟರನಾಗಿ ಕೇಳಿ ಪಡೆಯಲಾರದೆ ಹೋದ ಆ 25ರ ಇಳಿಕೆ ದತ್ತಮಂಡಲಕ್ಕೆ ದೊರೆತದ್ದು ಅವನು ಗವರ್ನರನಾದ ಮೇಲೆ.

ಅಂಕಿಗಳ ವಿಷಯದಲ್ಲಿ ಅವನ ಎಚ್ಚರ ಹೇಗಿತ್ತೆಂಬುದಕ್ಕೆ ಭೂಮಿಯಾಚೆಯ ಒಂದು ಉದಾಹರಣೆ ಸಾಕು. 1822ರಲ್ಲಿ ಪ್ರಾಂತದ ದೇಶೀಯ ಶಾಲೆಗಳ ಎಣಿಕೆಗೆ ಆಜ್ಞೆ ಮಾಡಿದನು. ಬಂದ ಲೆಕ್ಕದಂತೆ 12,498 ಶಾಲೆಗಳು, 1,88,650 ವಿದ್ಯಾರ್ಥಿಗಳು, ಅಂದರೆ 67 ಜನರಿಗೆ ಒಬ್ಬ ವಿದ್ಯಾರ್ಥಿ. ಮನ್ರೋ ಆ ಅಂಕಿಯನ್ನು ಹಾಗೆಯೇ ಒಪ್ಪಲಿಲ್ಲ. ಮನೆಯಲ್ಲೇ ಕಲಿಯುವ ಮಕ್ಕಳು ಲೆಕ್ಕಕ್ಕೆ ಬಂದಿಲ್ಲ, ಶಾಲೆಗೆ ಹೋಗುವ ವಯಸ್ಸಿನ ಹುಡುಗರನ್ನಷ್ಟೇ ತೆಗೆದುಕೊಂಡರೆ ಮೂವರಲ್ಲಿ ಒಬ್ಬನ ಸಮೀಪಕ್ಕೆ ಬರುತ್ತದೆ ಎಂದು 1826ರಲ್ಲಿ ಬರೆದನು. ಹತ್ತಿರ ಹತ್ತಿರ ಮೂವತ್ತು ವರ್ಷ ಕರಣಿಕರ ಲೆಕ್ಕಗಳನ್ನು ನೋಡಿದವನಿಗೆ ಕಾಗದದ ಮೇಲಿನ ಸಂಖ್ಯೆ ಯಾವಾಗ ನೆಲ ಬಿಟ್ಟಿದೆ ಎಂಬುದು ಗೊತ್ತಾಗುತ್ತಿತ್ತು.

1827ರ ಬೇಸಗೆಯಲ್ಲಿ, ಹುದ್ದೆ ಬಿಟ್ಟು ಊರಿಗೆ ಮರಳುವ ಮುನ್ನ, ಹಳೆಯ ದತ್ತಮಂಡಲವನ್ನು ಕೊನೆಯ ಬಾರಿ ನೋಡಲು ಅವನು ಹೊರಟನು. ಹೆಂಡತಿ ಹಿಂದಿನ ವರ್ಷವೇ ಇಂಗ್ಲೆಂಡಿಗೆ ಹೋಗಿದ್ದಳು. ಗುತ್ತಿಯ ಬಳಿ ಅವನ ಪರಿವಾರದಲ್ಲಿ ವಾಂತಿಭೇದಿಯ ಜಾಡ್ಯ ಕಾಣಿಸಿಕೊಂಡಿತು. ಜುಲೈ 6ರಂದು ಪತ್ತಿಕೊಂಡದಲ್ಲಿ ಅದು ಅವನನ್ನೂ ಹಿಡಿಯಿತು, ಅದೇ ದಿನ ತೀರಿಕೊಂಡನು. ಗುತ್ತಿಯಲ್ಲಿ ಮಣ್ಣು ಮಾಡಿದ ದೇಹವನ್ನು ಕೆಲವು ವರ್ಷಗಳ ಬಳಿಕ ಮದರಾಸಿನ ಕೋಟೆಯೊಳಗಿನ ಸಂತ ಮೇರಿ ದೇವಾಲಯಕ್ಕೆ ತಂದರು. ಮದರಾಸಿನಲ್ಲಿ ಅವನ ಕುದುರೆಯ ಮೇಲಣ ವಿಗ್ರಹ ಇಂದಿಗೂ ನಿಂತಿದೆ, ಶಿಲ್ಪಿ ಫ್ರಾನ್ಸಿಸ್ ಚಾಂಟ್ರಿ. ದತ್ತಮಂಡಲದ ಜನ ಮಕ್ಕಳಿಗೆ ಮನ್ರೋಲಪ್ಪನೆಂದು ಹೆಸರಿಟ್ಟರೆಂಬ ಮಾತು ಪ್ರಸಿದ್ಧವಾಗಿದೆ. ಮಂತ್ರಾಲಯದ ಐತಿಹ್ಯವಂತೂ ಕನ್ನಡಿಗರಿಗೆಲ್ಲ ಗೊತ್ತು: ಮಠದ ಇನಾಮು ಭೂಮಿಯನ್ನು ಸರಕಾರಕ್ಕೆ ಸೇರಿಸಬೇಕೋ ಬೇಡವೋ ಎಂದು ವಿಚಾರಿಸಲು ಬಂದ ಮನ್ರೋ ಬೃಂದಾವನದ ಮುಂದೆ ನಿಂತಾಗ ರಾಘವೇಂದ್ರ ಸ್ವಾಮಿಗಳೇ ಅವನೊಡನೆ ಮಾತನಾಡಿದರಂತೆ, ಇನಾಮು ಉಳಿಯಿತಂತೆ. ಭಕ್ತಿಯ ಕಥೆಯನ್ನು ಭಕ್ತಿಯಿಂದಲೇ ಕೇಳಬೇಕು. ಆದರೆ ಆ ಕಥೆಯೊಳಗೂ ಒಂದು ಜಮೀನು, ಅದರ ದಾಖಲೆ, ಅದನ್ನು ಪರಿಶೀಲಿಸಲು ಬಂದ ಅಧಿಕಾರಿ ಇದ್ದಾನೆ. ಜನರ ನೆನಪು ಮನ್ರೋನನ್ನು ಕತ್ತಿ ಹಿಡಿದವನಾಗಿ ಉಳಿಸಿಕೊಳ್ಳದೆ ಇನಾಮಿನ ಕಾಗದ ಹಿಡಿದವನಾಗಿ ಉಳಿಸಿಕೊಂಡಿದೆ.

ಅವನ ಏರ್ಪಾಡಿನಲ್ಲಿ ಎರಡು ದೊಡ್ಡ ಬಿರುಕುಗಳಿದ್ದವು. ಒಂದು, ಕಂದಾಯ ಹೊತ್ತು ತರುವ ಕೈಗಳನ್ನು ಅಳೆಯುವ ಸರಪಳಿ ಅವನ ಬಳಿಯಿರಲಿಲ್ಲ. ಅವನು ಸತ್ತ ಮೂರು ದಶಕಗಳೊಳಗೆ, 1855ರಲ್ಲಿ, ಮದರಾಸು ಪ್ರಾಂತದಲ್ಲಿ ಕಂದಾಯ ವಸೂಲಿಗಾಗಿ ರೈತರನ್ನು ಹಿಂಸಿಸುತ್ತಿದ್ದುದನ್ನು ಸರಕಾರವೇ ನೇಮಿಸಿದ ಆಯೋಗ ಎತ್ತಿ ತೋರಿಸಿತು. ಇನ್ನೊಂದು ತಾಂತ್ರಿಕವಾದದ್ದು. ಬಾರಾಮಹಲಿನಲ್ಲಾಗಲಿ ಬಳ್ಳಾರಿಯಲ್ಲಾಗಲಿ ಆ ಅಳತೆಗಾರರು ಬರೆದಿಟ್ಟದ್ದು ಸಂಖ್ಯೆಗಳನ್ನು, ಚಿತ್ರವನ್ನಲ್ಲ. ಹೊಲ ಎಷ್ಟು ಎಂಬುದು ದಾಖಲೆಯಲ್ಲಿತ್ತು. ಎಲ್ಲಿಂದ ಎಲ್ಲಿಯವರೆಗೆ ಎಂಬುದು ಊರವರ ನೆನಪಿನಲ್ಲಿ, ಹುಣಸೆಮರದ ಗುರುತಿನಲ್ಲಿ, ಬದುವಿನ ಕಲ್ಲಿನಲ್ಲಿ ಇತ್ತು. ಮರ ಬಿದ್ದರೆ, ಕಲ್ಲು ಸರಿದರೆ, ಹಳೆಯ ತಲೆ ಮಣ್ಣಾದರೆ, ನಾಲ್ಕು ಎಕರೆ ಎಂಬ ಸಂಖ್ಯೆ ಸರಿಯಾಗಿಯೇ ಉಳಿದು ನಾಲ್ಕು ಎಕರೆ ಯಾವುದು ಎಂಬ ಜಗಳ ಹುಟ್ಟುತ್ತಿತ್ತು. ಲ್ಯಾಂಬ್ಟನ್ ಎಂಬ ಇನ್ನೊಬ್ಬ ಸೈನ್ಯಾಧಿಕಾರಿ ಮನ್ರೋನ ಕಾಲದಲ್ಲೇ ಬೆಂಗಳೂರಿನ ಬಳಿ ಆಧಾರರೇಖೆ ಅಳೆದು, ಬೆಟ್ಟದಿಂದ ಬೆಟ್ಟಕ್ಕೆ ತ್ರಿಕೋನಗಳನ್ನು ಕಟ್ಟುತ್ತ ದೇಶದ ನಕ್ಷೆಗೆ ಬೇಕಾದ ನಿಖರತೆಯನ್ನು ಸಾಧಿಸುತ್ತಿದ್ದನು. ಆ ನಿಖರತೆ ಹೊಲದವರೆಗೆ ಇಳಿಯಲಿಲ್ಲ. ಮದರಾಸಿನಲ್ಲಿ ಇದಕ್ಕಾಗಿ ಪ್ರತ್ಯೇಕ ಇಲಾಖೆ ತೊಡಗಿದ್ದು 1858ರಲ್ಲಿ. ಥಿಯೊಡೊಲೈಟು ಹಿಡಿದು ಕೋನ ಅಳೆದು, ಊರಿಗೊಂದು ನಕ್ಷೆ, ಹೊಲಕ್ಕೊಂದು ರೇಖಾಚಿತ್ರ ಬರೆದು, ಮೂಲೆಗಳಲ್ಲಿ ಕಲ್ಲು ನೆಟ್ಟದ್ದು ಆ ಮೇಲಿನ ಕಥೆ.

ಆ ಕಲ್ಲುಗಳ ನಡುವಿನ ನೆಲವನ್ನು ಇಂದು ಹೊಸೂರಿನಲ್ಲಿ ಸೆಂಟಿನಲ್ಲಿ ಹೇಳುತ್ತಾರೆ, ದಾಖಲೆಯಲ್ಲಿ ಹೆಕ್ಟೇರ್ ಮತ್ತು ಆರ್ ಎಂದು ಬರೆಯುತ್ತಾರೆ. ಗಡಿ ದಾಟಿ ಅತ್ತಿಬೆಲೆ, ಆನೇಕಲ್ಲಿಗೆ ಬಂದರೆ ಪಹಣಿಯಲ್ಲಿ ಎಕರೆಯ ಪಕ್ಕದ ಕಾಲಮಿನಲ್ಲಿ ಗುಂಟೆ ಕಾಣುತ್ತದೆ. ಎರಡೂವರೆ ಸೆಂಟಿಗೆ ಒಂದು ಗುಂಟೆ. 33 ಅಡಿಗೆ 33 ಅಡಿ.